ಹುಕ್ಕೇರಿಯ ಒಣ ಹಮಾಮಿನಲ್ಲಿ ಬಿಸಿನೀರು

ದೆವ್ವ, ಗಾಳಿ, ಪವಾಡ ಇವುಗಳ ಮಾತು ಶುರುವಾದರೆ ಎದ್ದು ಹೋಗುವವನು ನಾನು. ಎದ್ದು ಹೋಗದೆ ಕೂತರೆ ಜಗಳ ತೆಗೆಯುತ್ತೇನೆ ಎಂದು ಗೆಳೆಯರ ದೂರು. ನೀರಾವರಿ ಇಲಾಖೆಯಲ್ಲಿ ಎಂಜಿನಿಯರನಾಗಿ ದುಡಿದು ನಿವೃತ್ತನಾದವನು. ಧುಪದಾಳದ ಒಡ್ಡು, ಹಿಡಕಲ್ಲಿನ ಜಲಾಶಯ, ಅಲ್ಲಿಂದ ಹೊರಡುವ ಕಾಲುವೆಗಳು, ಹೀಗೆ ನೀರಿನ ಹಿಂದೆ ಓಡಾಡುತ್ತಲೇ ನನ್ನ ನೌಕರಿ ಮುಗಿಯಿತು. ನೀರು ಎಲ್ಲಿಂದಲೋ ಬರುತ್ತದೆ, ಎಲ್ಲಿಗೋ ಹೋಗುತ್ತದೆ. ನಡುವೆ ಕಡಿಮೆಯಾದರೆ ಯಾರೋ ತಿರುವಿಕೊಂಡಿರುತ್ತಾರೆ, ಇಲ್ಲವೆ ನೆಲ ಕುಡಿದಿರುತ್ತದೆ. ಇದಕ್ಕಿಂತ ಹೆಚ್ಚಿನ ಗುಟ್ಟು ನೀರಿನಲ್ಲಿ ಇಲ್ಲ ಎಂದೇ ನಾನು ನಂಬಿದ್ದೆ.

ನೌಕರಿಗೆ ಸೇರಿದ ಹೊಸದರಲ್ಲಿ ಮೇಲವಂಕಿಯ ಹತ್ತಿರದ ಒಂದು ಕಾಲುವೆ ಗೇಟಿನ ಬಳಿ ಹೆಂಗಸು ಅಳುವ ದನಿ ಕೇಳುತ್ತದೆ ಎಂದು ಕೂಲಿಯವರು ಅತ್ತ ಸುಳಿಯುತ್ತಿರಲಿಲ್ಲ. ನಾನು ಹೋಗಿ ನೋಡಿದೆ. ಗೇಟಿನ ಮೇಲಿನ ಕಬ್ಬಿಣದ ಕೊಳವೆಯ ಮುಚ್ಚಳ ಬಿದ್ದುಹೋಗಿತ್ತು. ಗಾಳಿ ಬೀಸಿದಾಗಲೆಲ್ಲ ಅದು ಊದುತ್ತಿತ್ತು. ಹಳೆಯ ಅರಿವೆಯೊಂದನ್ನು ತುರುಕಿದೆ, ಅಳು ನಿಂತಿತು. ಈ ಕಥೆಯನ್ನು ನಾನು ಎಷ್ಟು ಸಲ ಹೇಳಿದ್ದೇನೆಂದರೆ, ನಾನು ಬಾಯಿ ತೆರೆಯುವ ಮೊದಲೇ ಮಗಳು ಅದನ್ನು ಹೇಳಿ ಮುಗಿಸಿಬಿಡುತ್ತಾಳೆ. ಅಂಥ ನಾನು ಈಗ ಇದನ್ನು ಬರೆಯಲು ಕೂತಿದ್ದೇನೆ. ನಂಬಿ ಎಂದು ನಿಮ್ಮನ್ನು ಒತ್ತಾಯಿಸುವುದಿಲ್ಲ. ನಡೆದದ್ದನ್ನು ನಡೆದಂತೆ ಹೇಳುತ್ತೇನೆ, ಅಷ್ಟೆ.

ಮೊದಲು ನನ್ನ ಹೆಂಡತಿ ಕಸ್ತೂರಿಯ ಬಗ್ಗೆ ಹೇಳಬೇಕು. ಅವಳ ತವರು ಮೂಡಲಗಿ. ಮಾತು ಜಾಸ್ತಿ, ನಗು ಅದಕ್ಕಿಂತ ಜಾಸ್ತಿ. ಕೆಲವು ವರ್ಷಗಳ ಹಿಂದೆ ನದಿಗೆ ನೆರೆ ಬಂದು ಗೋಕಾಕದ ತಗ್ಗಿನ ಓಣಿಗಳಿಗೆ ನೀರು ನುಗ್ಗಿದಾಗ ನಾವು ಅಂಥದೇ ಒಂದು ಓಣಿಯಲ್ಲಿದ್ದೆವು. ನಾನು ಕೆಲಸದ ಮೇಲೆ ಹಿಡಕಲ್ಲಿನಲ್ಲಿದ್ದೆ. ಮಗಳು ಪೂರ್ಣಿಮಾ ಧಾರವಾಡದ ಹಾಸ್ಟೆಲಿನಲ್ಲಿದ್ದಳು. ಆ ದಿನ ಬೆಳಿಗ್ಗೆ ಕಸ್ತೂರಿ ತಲೆಗೆ ನೀರು ಹಾಕಿಕೊಳ್ಳುತ್ತ ಬಚ್ಚಲಿನಲ್ಲಿದ್ದಾಗ ಮೋರಿಯಿಂದ ನೀರು ಉಕ್ಕಿ ಒಳಗೆ ಬಂದಿದೆ. ಕಣ್ಣಲ್ಲಿ ಸೋಪು. ಕಾಲಿಗೆ ತಣ್ಣಗೆ ತಾಗಿದ್ದು ಏನೆಂದು ಗೊತ್ತಾಗುವಷ್ಟರಲ್ಲಿ ನೀರು ಮೊಣಕಾಲಿಗೆ ಏರಿತ್ತು. ಹೊರಗೆ ಪಡಸಾಲೆಯಲ್ಲೂ ನೀರು ತುಂಬಿ, ಬಾಗಿಲು ಹೊರಕ್ಕೆ ತೆರೆಯುವಂಥದ್ದಾಗಿದ್ದರಿಂದ ಎಷ್ಟು ನೂಕಿದರೂ ತೆರೆಯಲಿಲ್ಲ. ಪಕ್ಕದ ಮನೆಯವರು ಬಂದು ಬಾಗಿಲು ಒಡೆದು ಅವಳನ್ನು ಎಳೆದುಕೊಂಡಾಗ ನೀರು ಅವಳ ಕೊರಳ ತನಕ ಬಂದಿತ್ತಂತೆ.

ಜೀವ ಉಳಿಯಿತು. ನಾವು ಊರಿನ ಮೇಲ್ಭಾಗದಲ್ಲಿ, ಗುಡ್ಡದ ಕಡೆಗೆ ಬೇರೆ ಮನೆ ಮಾಡಿದೆವು. ಆದರೆ ಕಸ್ತೂರಿ ಬಚ್ಚಲಿಗೆ ಹೋಗುವುದನ್ನೇ ಬಿಟ್ಟಳು. ಹಿತ್ತಲಲ್ಲಿ ಬಯಲಿಗೆ ಸೀರೆಯ ಮರೆ ಕಟ್ಟಿಕೊಂಡು, ಒದ್ದೆ ಅರಿವೆಯಿಂದ ಮೈ ಒರೆಸಿಕೊಳ್ಳುತ್ತಿದ್ದಳು. ಬಕೀಟಿನಲ್ಲಿ ನಳ ಬಿಟ್ಟ ಸದ್ದು ಕೇಳಿದರೆ ಅಡುಗೆಮನೆಯಿಂದ ಎದ್ದು ಅಂಗಳಕ್ಕೆ ಹೋಗಿ ನಿಲ್ಲುತ್ತಿದ್ದಳು. ತಲೆಯ ಮೇಲೆ ನೀರು ಬೀಳುವುದನ್ನಂತೂ ಸಹಿಸುತ್ತಲೇ ಇರಲಿಲ್ಲ. ತಿಂಗಳಿಗೊಮ್ಮೆ ಅವಳ ಅಕ್ಕ ನೀಲವ್ವ ಮೂಡಲಗಿಯಿಂದ ಬಂದು, ಅವಳನ್ನು ಕಟ್ಟೆಯ ಮೇಲೆ ಅಂಗಾತ ಮಲಗಿಸಿ, ಕೂದಲನ್ನಷ್ಟೇ ಕೆಳಗೆ ಇಳಿಬಿಟ್ಟು ಒಂದಿಷ್ಟು ನೀರಿನಲ್ಲಿ ತೊಳೆಯುತ್ತಿದ್ದಳು. ಅದು ಮುಗಿಯುವವರೆಗೂ ಕಸ್ತೂರಿ ನನ್ನ ಕೈ ಹಿಡಿದುಕೊಂಡಿರುತ್ತಿದ್ದಳು. ಕಣ್ಣು ಮಾತ್ರ ಮುಚ್ಚುತ್ತಿರಲಿಲ್ಲ.

ಬೆಳಗಾವಿಯ ಡಾಕ್ಟರ ಬಳಿ ಹೋದೆವು. ಅವರು ತಾಳ್ಮೆಯಿಂದ ಕೇಳಿ, ಗುಳಿಗೆ ಕೊಟ್ಟು, ನಿಧಾನಕ್ಕೆ ಸರಿಹೋಗುತ್ತದೆ ಎಂದರು. ನಿದ್ದೆ ಸರಿಹೋಯಿತು, ಅಂಜಿಕೆ ಹೋಗಲಿಲ್ಲ. ದಾರ ಕಟ್ಟಿಸಿ, ನೀರು ನಿವಾಳಿಸಿ ಚೆಲ್ಲಿರಿ ಎಂದು ಹೇಳಿದ ಬಂಧುಗಳನ್ನು ನಾನು ಬೈದು ಕಳಿಸಿದೆ. ವರ್ಷಗಳು ಕಳೆದವು. ನಾನು ನಿವೃತ್ತನಾದೆ. ಮಗಳ ಮದುವೆಯಾಯಿತು. ಉಳಿದಂತೆ ನಾವು ಸುಖವಾಗಿಯೇ ಇದ್ದೆವು. ಮನುಷ್ಯ ಎಂಥದಕ್ಕೂ ಒಗ್ಗಿಕೊಳ್ಳುತ್ತಾನೆ.

ಪೂರ್ಣಿಮಾ ಬಸುರಾಗಿ, ಕುಬುಸದ ಕಾರ್ಯ, ಅಂದರೆ ಸೀಮಂತ, ಮುಗಿಸಿಕೊಂಡು ಹೆರಿಗೆಗೆ ನಮ್ಮ ಮನೆಗೆ ಬಂದ ಮೇಲೆ ಕಸ್ತೂರಿಯ ಮುಖ ಬಾಡಿತು. ನಮ್ಮ ಕಡೆ ಬಾಣಂತಿಗೂ ಕೂಸಿಗೂ ಎರೆಯುವುದು ತವರಿನ ತಾಯಿಯ ಕೆಲಸ. ಹಂಡೆ ತುಂಬ ಕುದಿಯುವ ನೀರು, ಬಚ್ಚಲು ತುಂಬ ಹಬೆ, ಕಾಲು ಚಾಚಿ ಕೂತ ಅಜ್ಜಿಯ ಕಾಲ ಮೇಲೆ ಎಣ್ಣೆ ಹಚ್ಚಿಸಿಕೊಂಡ ಕೂಸು. ಕಸ್ತೂರಿ ಈ ಬಗ್ಗೆ ಒಂದೇ ಸಲ ಮಾತಾಡಿದಳು, ಅದೂ ಹೂಬತ್ತಿ ಹೊಸೆಯುತ್ತ, ನನ್ನ ಮುಖ ನೋಡದೆ.

"ಎರಿಯಾಕ ಬ್ಯಾರೇದವರನ್ನ ಹೇಳ್ರಿ," ಎಂದಳು. "ನನ್ನ ಕೈಲೆ ಆಗೂದಿಲ್ಲ. ಮಗಳ ಮುಂದ ನೀವ ಹೇಳ್ರಿ, ನನಗ ನಾಚಿಕಿ ಬರ್ತೈತಿ."

ನಾನು ಹೂಂ ಎಂದೆ. ಹೇಳುವುದನ್ನು ಮಾತ್ರ ದಿನದಿಂದ ದಿನಕ್ಕೆ ಮುಂದೂಡುತ್ತ ಬಂದೆ.

ಆಗ ಚಳಿಗಾಲ. ನಮ್ಮದೊಂದು ಬೆಳಗಿನ ವಾಕಿಂಗಿನ ಗುಂಪಿದೆ. ಅದರ ಮುಖಂಡ ಬಾಳಪ್ಪ, ಬಟ್ಟೆ ಅಂಗಡಿಯವನು, ನನ್ನ ಸಾಲೆಯ ಗೆಳೆಯ. ಹುಕ್ಕೇರಿಯ ಕಾಲೇಜಿನಲ್ಲಿ ಇತಿಹಾಸ ಕಲಿಸುವ ಸುರೇಖಾ ಎಂಬ ಮೇಡಂ ರವಿವಾರ ಆಸಕ್ತರಿಗೆ ಆ ಊರಿನ ಹಳೆಯ ಕಟ್ಟಡಗಳನ್ನು ತೋರಿಸಿ ವಿವರಿಸುತ್ತಾರೆಂದು ಅವನಿಗೆ ಯಾರೋ ಹೇಳಿದ್ದರು. ಹೆಂಡಂದಿರನ್ನೂ ಕರೆದುಕೊಂಡು ಹೋಗೋಣ ಎಂದು ಒಂದು ಕ್ರೂಸರ್ ಗಾಡಿ ಗೊತ್ತುಮಾಡಿದ. ಹುಕ್ಕೇರಿಯ ಗುಮ್ಮಟಗಳನ್ನು ನಾನು ನೂರು ಸಲ ಬಸ್ಸಿನ ಕಿಟಕಿಯಿಂದ ನೋಡಿದ್ದೆ, ಇಳಿದು ನೋಡಿರಲಿಲ್ಲ. ಅಲ್ಲಿ ಶಾಹಿ ಸುಲ್ತಾನರ ಕಾಲದ ಒಂದು ಹಮಾಮು, ಅಂದರೆ ಬಿಸಿನೀರಿನ ಸ್ನಾನದ ಮನೆ ಇದೆ ಎಂದು ಕೇಳಿದ ಮೇಲೆ ನನ್ನ ಕುತೂಹಲ ಹೆಚ್ಚಾಯಿತು. ಆ ಕಾಲದವರು ಅಷ್ಟು ನೀರನ್ನು ಹೇಗೆ ತಂದರು, ಹೇಗೆ ಕಾಸಿದರು, ಹೇಗೆ ಹೊರಗೆ ಬಿಟ್ಟರು? ನನ್ನಂಥವನಿಗೆ ಇದಕ್ಕಿಂತ ರುಚಿಯಾದ ವಿಷಯವಿಲ್ಲ.

ಕಸ್ತೂರಿಗೆ ಮುಚ್ಚಿಡದೆ ಹೇಳಿದೆ. ಅದು ಹಳೆಯ ಬಚ್ಚಲೇ, ಆದರೆ ಅದರಲ್ಲಿ ನೀರು ಬತ್ತಿ ನೂರಾರು ವರ್ಷಗಳಾಗಿವೆ ಎಂದೆ. ಅವಳು, "ನೀರ ಇಲ್ಲಂದ್ರ ಬರ್ತೇನಿ," ಎಂದಳು. ನೀಲವ್ವನೂ ಆ ವಾರ ನಮ್ಮಲ್ಲೇ ಇದ್ದಳು. ಪೂರ್ಣಿಮಾಳ ಜೊತೆಗೆ ಅವಳ ಗಂಡ ಬಂದಿದ್ದ. ಅವರಿಬ್ಬರನ್ನು ಮನೆಯಲ್ಲಿ ಬಿಟ್ಟು ನಾವು ಮೂವರೂ ಕ್ರೂಸರ್ ಹತ್ತಿದೆವು. ಬಾಳಪ್ಪ ಎಲ್ಲರಿಗೂ ಕರದಂಟು ಹಂಚಿದ. ಹೆಂಗಸರು ದಾರಿಯುದ್ದಕ್ಕೂ ಹರಟೆ ಹೊಡೆದರು. ಕಸ್ತೂರಿ ಹಸಿರು ಇಳಕಲ್ ಸೀರೆ ಉಟ್ಟು, ಜಡೆಗೆ ಅಬ್ಬಲಿಗೆಯ ದಂಡೆ ಮುಡಿದಿದ್ದಳು. ಬಹಳ ದಿನಗಳ ಮೇಲೆ ಅವಳು ಅಷ್ಟು ನಗುತ್ತಿದ್ದುದನ್ನು ಕಂಡು ನನಗೂ ಹಿತವೆನಿಸಿತ್ತು.

ಸುರೇಖಾ ಮೇಡಂ ಗಟ್ಟಿ ದನಿಯ, ಚುರುಕಿನ ಹೆಂಗಸು. ಗೊತ್ತಿದ್ದದ್ದನ್ನು ಹೇಳುತ್ತಿದ್ದರು, ಗೊತ್ತಿಲ್ಲದ್ದನ್ನು ಗೊತ್ತಿಲ್ಲ ಎನ್ನುತ್ತಿದ್ದರು. ಗುಮ್ಮಟಗಳನ್ನು ನೋಡಿ, ಅವುಗಳ ನೆರಳಿನಲ್ಲೇ ಕೂತು ರೊಟ್ಟಿ, ಎಣಗಾಯಿ, ಶೇಂಗಾ ಚಟ್ನಿ ಬಿಚ್ಚಿ ಊಟ ಮಾಡಿ, ಆಮೇಲೆ ಹಮಾಮಿನ ಕಡೆ ನಡೆದೆವು. ಅದು ಊರಾಚೆ ಒಬ್ಬರ ಹೊಲದ ಬದುವಿಗಿದೆ. ಎಲ್ಲಿ ಎಂದು ನಿಖರವಾಗಿ ಬರೆಯುವುದಿಲ್ಲ. ಹೊಲದವರು ಒಳ್ಳೆಯ ಜನ, ಅವರಿಗೆ ನನ್ನಿಂದ ತೊಂದರೆಯಾಗಬಾರದು. ಹೊರಗಿನಿಂದ ನೋಡಿದರೆ ಮಣ್ಣಿನಲ್ಲಿ ಅರ್ಧ ಹೂತ ಮೂರು ಕಲ್ಲಿನ ದುಂಡುಗಳು, ಅಷ್ಟೆ. ಸುತ್ತ ಕಬ್ಬು.

ಒಳಗೆ ಒಂದರ ಹಿಂದೊಂದು ಮೂರು ಕೋಣೆಗಳು. ಮೊದಲನೆಯದು ಬಟ್ಟೆ ಕಳಚಿ ಕೂಡುವುದಕ್ಕೆ. ಗೋಡೆಯಲ್ಲಿ ಮಾಡಗಳು, ಸುತ್ತ ಕಲ್ಲಿನ ಕಟ್ಟೆ. ಎರಡನೆಯದು ಬೆಚ್ಚಗಿನ ಕೋಣೆ. ಹೊರಗಿನ ಚಳಿಯಿಂದ ಬಂದವರು ಒಮ್ಮೆಲೆ ಬಿಸಿಗೆ ಹೋಗಬಾರದೆಂದು ಅಲ್ಲಿ ಸ್ವಲ್ಪ ಹೊತ್ತು ಕೂಡುತ್ತಿದ್ದರಂತೆ. ಮೂರನೆಯದೇ ಬಿಸಿನೀರಿನ ಕೋಣೆ. ನಡುವೆ ಎಂಟು ಮೂಲೆಯ ಒಂದು ಹೊಂಡ, ಇಳಿಯಲು ಮೆಟ್ಟಿಲು. ಮೇಲೆ ಗುಮ್ಮಟದಲ್ಲಿ ತಟ್ಟೆಯಗಲದ ಕಿಂಡಿಗಳು. ಅವುಗಳಿಂದ ಬಿಸಿಲು ಕೋಲುಗಳಂತೆ ಇಳಿದು ಹೊಂಡದ ತಳದ ಧೂಳಿನ ಮೇಲೆ ಬಿದ್ದಿತ್ತು. ಪಾರಿವಾಳದ ಹಿಕ್ಕೆ, ಒಣ ಎಲೆ, ಬೆರಳು ಮುಳುಗುವಷ್ಟು ಧೂಳು. ಆ ಕೋಣೆಗೆ ಒಳಗೆ ಬರಲೂ ಹೊರಗೆ ಹೋಗಲೂ ಇರುವುದು ಒಂದೇ ಬಾಗಿಲು. ಇದನ್ನು ನೆನಪಿಡಿ.

ನೆಲದ ಕೆಳಗೆ ಪೊಳ್ಳು ಇದೆ, ಹಿಂದಿನ ಒಲೆಯ ಬಿಸಿ ಆ ಪೊಳ್ಳಿನಲ್ಲಿ ಹಾದು ಹಾಸುಗಲ್ಲನ್ನು ಕಾಯಿಸುತ್ತಿತ್ತು, ಗೋಡೆಯೊಳಗಿನ ಮಣ್ಣಿನ ಕೊಳವೆಗಳಲ್ಲಿ ನೀರು ಬರುತ್ತಿತ್ತು ಎಂದು ಮೇಡಂ ವಿವರಿಸಿದರು. ಒಡೆದ ಒಂದು ಕೊಳವೆಯ ಬಾಯಿಯನ್ನೂ ತೋರಿಸಿದರು. ನಾನು ಬಗ್ಗಿ ಕೈ ಹಾಕಿ ನೋಡಿದೆ. ಮಣ್ಣು ಗಟ್ಟಿಯಾಗಿ ಕೂತಿತ್ತು. ನೀರು ಬರುತ್ತಿದ್ದ ಬಾವಿ ಎಲ್ಲಿ ಎಂದು ಕೇಳಿದೆ. ಅದು ಮುಚ್ಚಿಹೋಗಿ ಮೇಲೆ ಕಬ್ಬು ಬೆಳೆದಿದೆ ಎಂದರು. ನನ್ನ ಪ್ರಶ್ನೆಗಳು ಮುಗಿಯಲೊಲ್ಲವು. ಬಾಳಪ್ಪ ನನ್ನ ಭುಜ ತಟ್ಟಿ, ರಿಟೈರ್ ಆಗಿದ್ದಿ ಮಾರಾಯಾ ಎಂದು ನೆನಪಿಸಿದ. ಎಲ್ಲರೂ ನಕ್ಕರು. ಒಲೆಯ ಬಾಯಿ ನೋಡಲು ಕಟ್ಟಡದ ಹಿಂಭಾಗಕ್ಕೆ ಹೋಗೋಣ ಎಂದು ಮೇಡಂ ಎಲ್ಲರನ್ನೂ ಹೊರಡಿಸಿದರು.

ನೀಲವ್ವ ಮೊಣಕಾಲು ನೋವೆಂದು ಒಳಗೆ ಬಾರದೆ, ಹೊರಬಾಗಿಲ ಪಕ್ಕದ ಕಲ್ಲಿನ ಮೇಲೆ ಕೂತಿದ್ದಳು. ನಮ್ಮ ಜೊತೆ ಒಳಗೆ ಬಂದಿದ್ದ ಕಸ್ತೂರಿ ಮೊದಲೇ ಹೊರಬಂದು ಅಕ್ಕನ ಜೊತೆ ಕೂತಿರಬೇಕೆಂದು ನಾನು ಅಂದುಕೊಂಡೆ. ಹಿಂಭಾಗದಲ್ಲಿ ನೋಡುವಂಥದ್ದು ಹೆಚ್ಚೇನೂ ಇರಲಿಲ್ಲ. ಒಲೆಯ ಬಾಯಿಯನ್ನು ಯಾವ ಕಾಲದಲ್ಲೋ ಕಲ್ಲು ಮಣ್ಣು ಹಾಕಿ ಮುಚ್ಚಿದ್ದರು, ಅದರ ಮೇಲೆ ಒಂದು ಬೇವಿನ ಗಿಡ ದೊಡ್ಡದಾಗಿ ಬೆಳೆದಿತ್ತು. ತಿರುಗಿ ಮುಂದೆ ಬಂದು ನೋಡಿದರೆ ನೀಲವ್ವ ಒಬ್ಬಳೇ ಇದ್ದಳು. ಕಸ್ತೂರಿ ಎಲ್ಲಿ ಎಂದೆ. "ನಿಮ್ಮ ಸಂಗಾಟ ಇದ್ಲಲ್ರಿ, ಹೊರಗ ಬಂದೇ ಇಲ್ಲ," ಎಂದಳು.

ನಾನು ಓಡಿದೆ ಎಂದೇ ಹೇಳಬೇಕು. ಆ ಕತ್ತಲ ಕಲ್ಲುಕೋಣೆಯಲ್ಲಿ, ಅದೂ ಬಚ್ಚಲಿನಲ್ಲಿ, ಒಬ್ಬಳೇ ಸಿಕ್ಕಿಹಾಕಿಕೊಂಡಿದ್ದಾಳೆ, ಹಳೆಯದೆಲ್ಲ ನೆನಪಾಗಿ ಎಲ್ಲೋ ಬಿದ್ದಿರಬೇಕು ಎಂದು ನನ್ನ ಎದೆ ಹೊಡೆದುಕೊಳ್ಳುತ್ತಿತ್ತು. ಮೊದಲ ಕೋಣೆ ದಾಟುತ್ತಿದ್ದಂತೆ ನೀರಿನ ಸದ್ದು ಕೇಳಿತು.

ಇಲ್ಲಿ ನಾನು ಸ್ವಲ್ಪ ನಿಧಾನವಾಗಿ ಹೇಳುತ್ತೇನೆ. ಅದು ಸೋರುವ ಸದ್ದಲ್ಲ, ಹರಿಯುವ ಸದ್ದೂ ಅಲ್ಲ. ಅವೆರಡನ್ನೂ ನಾನು ನಿದ್ದೆಗಣ್ಣಿನಲ್ಲೂ ಗುರುತಿಸುತ್ತೇನೆ. ಇದು ಯಾರೋ ತಂಬಿಗೆಯಿಂದ ತಲೆಯ ಮೇಲೆ ನೀರು ಹಾಕುವ ಸದ್ದು. ಒಮ್ಮೆ ಸುರಿದು, ಕಲ್ಲಿಗೆ ಬಿದ್ದು ಚದುರಿ, ತುಸು ಬಿಟ್ಟು, ಮತ್ತೆ ಸುರಿಯುವುದು. ನಡುವೆ ತಂಬಿಗೆ ಪಾತ್ರೆಯ ಕಂಠಕ್ಕೆ ತಾಗಿದ ಸಣ್ಣ ಸಪ್ಪಳ. ಎರಡನೆಯ ಕೋಣೆಯಲ್ಲಿ ಮುಖಕ್ಕೆ ಬೆಚ್ಚನೆಯ ಗಾಳಿ ತಾಗಿತು. ಮನೆಯಲ್ಲಿ ಯಾರಾದರೂ ಸ್ನಾನ ಮುಗಿಸಿ ಬಾಗಿಲು ತೆರೆದಾಗ ಬರುತ್ತದಲ್ಲ, ಅಂಥ ಹಬೆ. ಕಟ್ಟಿಗೆಯ ಹೊಗೆಯ ವಾಸನೆ, ಅದರೊಳಗೆ ಸೀಗೆಕಾಯಿಯದು. ಒಂದು ಕ್ಷಣ ನಾನು ಎಲ್ಲಿದ್ದೇನೆಂಬುದೇ ಮರೆತಂತಾಯಿತು. ಅಂಜಿಕೆ ಆಗಲಿಲ್ಲ. ಹಾಗೆ ನೋಡಿದರೆ, ಎದೆ ಹೊಡೆದುಕೊಳ್ಳುತ್ತಿದ್ದದ್ದೂ ಅಲ್ಲಿಯೇ ಸಮಾಧಾನವಾಯಿತು. ಮೂರನೆಯ ಬಾಗಿಲಿಗೆ ಕಾಲಿಟ್ಟಾಗ ಸದ್ದು ನಿಂತಿತ್ತು.

ಕಸ್ತೂರಿ ಹೊಂಡದ ಮೆಟ್ಟಿಲ ಮೇಲೆ ಕೂತಿದ್ದಳು. ಜಡೆ ಬಿಚ್ಚಿತ್ತು. ಅಬ್ಬಲಿಗೆಯ ದಂಡೆ ಪಕ್ಕದಲ್ಲಿ ಮಡಚಿ ಇಟ್ಟಿತ್ತು. ಬೆನ್ನ ತುಂಬ ಹರಡಿದ ಕೂದಲಿನ ತುದಿಯಿಂದ ನೀರು ತೊಟ್ಟಿಕ್ಕುತ್ತಿತ್ತು. ಕಣ್ಣು ಮುಚ್ಚಿದ್ದಳು. ನನ್ನ ಹೆಜ್ಜೆಯ ಸದ್ದಿಗೆ ಕಣ್ಣು ತೆರೆದು, ನಿದ್ದೆಯಿಂದ ಎದ್ದವಳ ಹಾಗೆ ನಕ್ಕಳು.

"ಬಂದ್ರಿ? ಆಕಿ ಈಗ ಹೋದ್ಲು ನೋಡ್ರಿ," ಎಂದಳು.

ಹೋಗಿ ಅವಳ ನೆತ್ತಿಯ ಮೇಲೆ ಕೈಯಿಟ್ಟೆ. ಕೂದಲು ಬುಡದ ತನಕ ತೊಯ್ದಿತ್ತು, ಬಿಸಿಯಾಗಿತ್ತು. ಆಗತಾನೆ ಹಂಡೆಯಿಂದ ತೋಡಿ ಹಾಕಿದ ನೀರಿನ ಬಿಸಿ. ಮೊಬೈಲಿನ ಟಾರ್ಚ್ ಹಾಕಿ ಸುತ್ತ ನೋಡಿದೆ. ಹೊಂಡದ ತಳದಲ್ಲಿ ಧೂಳು ಇದ್ದ ಹಾಗೇ ಇತ್ತು. ಮೆಟ್ಟಿಲ ಮೇಲೂ ಧೂಳೇ. ಅವಳ ಕೂದಲಿನಿಂದ ಬಿದ್ದ ಹನಿಗಳಷ್ಟೇ ಅದರಲ್ಲಿ ಕಪ್ಪು ಚುಕ್ಕೆಗಳಾಗಿದ್ದವು. ತಲೆಯನ್ನು ಅಷ್ಟು ತೋಯಿಸಬೇಕಾದರೆ ಎರಡು ಮೂರು ಬಿಂದಿಗೆ ನೀರಾದರೂ ಬೇಕು. ಆ ನೀರೆಲ್ಲ ಎಲ್ಲಿಗೆ ಹೋಯಿತು? ಗೋಡೆ ಮುಟ್ಟಿದೆ, ಒಣಗಿತ್ತು. ಕಿಂಡಿಗಳಾಚೆ ಮೋಡವಿಲ್ಲದ ಆಕಾಶ. ನಮ್ಮ ನೀರಿನ ಬಾಟಲಿ ನನ್ನ ಹೆಗಲ ಚೀಲದಲ್ಲೇ ಇತ್ತು. ಹಬೆಯ ವಾಸನೆಯೂ ನಾನು ನೋಡನೋಡುತ್ತಿದ್ದಂತೆ ಹೋಗಿಬಿಟ್ಟಿತು. ಆ ಕೋಣೆ ಮತ್ತೆ ಪಾರಿವಾಳದ ಹಿಕ್ಕೆಯ ವಾಸನೆಯ ಹಳೆಯ ಕೋಣೆಯಾಯಿತು.

ಅಷ್ಟರಲ್ಲಿ ನೀಲವ್ವ ಗೋಡೆ ಹಿಡಿದುಕೊಂಡು ಒಳಗೆ ಬಂದಳು. ತಂಗಿಯ ಪಕ್ಕದಲ್ಲಿ ಕೂತು, ಅವಳ ಕೂದಲನ್ನು ಹಿಂಡಿ, ತನ್ನ ಸೆರಗಿನಿಂದ ಒರೆಸತೊಡಗಿದಳು. ಇಷ್ಟು ವರ್ಷ ಆ ತಲೆಯನ್ನು ತೊಳೆದವಳು ಅವಳೇ. ಒರೆಸುತ್ತ ಒರೆಸುತ್ತ ಒಂದು ಎಳೆಯನ್ನು ಬೆರಳಲ್ಲಿ ಉಜ್ಜಿ ಮೂಸಿ ನೋಡಿ, "ಸೀಗಿಕಾಯಿ ಹಚ್ಚಿ ತಿಕ್ಯಾರ," ಎಂದಳು. ಆಮೇಲೆ ಮೆಲ್ಲಗೆ, "ಚಲೋ ತಿಕ್ಯಾರ," ಎಂದಳು.

ಹೊರಗೆ ಬಂದಾಗ ಬಿಸಿಲಿಗೆ ಒಂದು ಫೋಟೊ ತೆಗೆಸಿಕೊಳ್ಳಲು ಎಲ್ಲರೂ ಕಾಯುತ್ತಿದ್ದರು. ಕಸ್ತೂರಿಯ ತಲೆ ನೋಡಿ, ಮಧ್ಯಾಹ್ನದ ಬಿಸಿಲಿಗೆ ತಲೆ ಕಾದು ಬಾಟಲಿಯ ನೀರು ಹಾಕಿಕೊಂಡಿದ್ದಾಳೆಂದು ಅಂದುಕೊಂಡರು. ಬಾಳಪ್ಪನ ಮೊಬೈಲಿನಲ್ಲಿ ಆ ದಿನದ ಎರಡು ಫೋಟೊ ಇವೆ. ಒಳಗೆ ಹೋಗುವ ಮೊದಲಿನದರಲ್ಲಿ ಅವಳ ಜಡೆ, ಹೂವು ಕಾಣುತ್ತವೆ. ಇನ್ನೊಂದರಲ್ಲಿ ಬಿಚ್ಚಿದ ಒದ್ದೆ ಕೂದಲು, ಒದ್ದೆಯಾದ ಹೆಗಲು. ಎರಡನ್ನೂ ನಾನು ನನ್ನ ಮೊಬೈಲಿಗೆ ತರಿಸಿಕೊಂಡಿದ್ದೇನೆ. ಆಗಾಗ ನೋಡುತ್ತೇನೆ.

ಮನೆಗೆ ಬಂದು ಚಹಾ ಕುಡಿಯುವಾಗ, ನನ್ನ, ನೀಲವ್ವನ ಮುಂದೆ, ಅಕ್ಕಪಕ್ಕದ ಮನೆಯ ಸುದ್ದಿ ಹೇಳುವ ಹಾಗೆ ಹೇಳಿದಳು. ಎಲ್ಲರೂ ಹೊರಟಾಗ ಕಾಲಡಿಯ ಹಾಸುಗಲ್ಲು ಬೆಚ್ಚಗಿದೆ ಅನಿಸಿತಂತೆ. ಚಪ್ಪಲಿ ಬಿಟ್ಟು ನಿಂತಳಂತೆ. ಹಿತವೆನಿಸಿ ಮೆಟ್ಟಿಲ ಮೇಲೆ ಕೂತಳಂತೆ. ಒಬ್ಬ ವಯಸ್ಸಾದ ಹೆಂಗಸು ಬಂದಳು. ಮಾಸಿದ ಸೀರೆಯನ್ನು ಮೇಲಕ್ಕೆ ಸಿಕ್ಕಿಸಿದ್ದಳು. ಹೊಲದ ಮನೆಯ ಮುದುಕಿ ಇರಬೇಕು ಎಂದುಕೊಂಡಳಂತೆ. ಕೈಯಲ್ಲಿ ತಂಬಿಗೆ ಇತ್ತು. ಏನೂ ಕೇಳದೆ ಹಿಂದೆ ನಿಂತು ಜಡೆ ಬಿಚ್ಚತೊಡಗಿದಳಂತೆ.

"ನನಗ ನೀರಂದ್ರ ಅಂಜಿಕಿ ಅಂತ ಹೇಳಬೇಕು ಅನ್ನೂದ್ರಾಗ ಹಾಕೇಬಿಟ್ಲು," ಎಂದಳು ಕಸ್ತೂರಿ. "ನಾ ಕಣ್ಣ ಬಿಟ್ಟೇ ಇದ್ದೆ. 'ಕಣ್ಣ ಮುಚ್ಚವ್ವ, ಸೀಗಿಕಾಯಿ ಒಳಗ ಹೋದೀತು' ಅಂದ್ಲು. ಮುಚ್ಚಿದೆ. ಅಷ್ಟ."

ಅವಳ ಮುಖ ಹೇಗಿತ್ತು ಎಂದು ನಾನು ಕೇಳಿದೆ. ಹಿಂದೆ ನಿಂತಿದ್ದಳು, ಸರಿಯಾಗಿ ನೋಡಲಿಲ್ಲ ಎಂದಳು. ಕೈ ಒರಟಾಗಿದ್ದವು, ಕೆಲಸ ಮಾಡಿದವರ ಕೈ ಎಂದಳು. ನಾನು ಬರುವ ಸದ್ದಾದಾಗ ಅವಳು ಬಾಗಿಲಿನತ್ತ ಹೋದಳಂತೆ. ಆ ಬಾಗಿಲಿನಿಂದ ನಾನು ಬರುತ್ತಿದ್ದೆ. ನನಗೆ ಯಾರೂ ಎದುರಾಗಲಿಲ್ಲ.

ಮರುದಿನ ಬೆಳಿಗ್ಗೆ ನಾನು ಪೇಪರು ಓದುತ್ತ ಕೂತಿದ್ದೆ. ಕಸ್ತೂರಿ ಟವೆಲ್ಲು ತೆಗೆದುಕೊಂಡು ಹಿತ್ತಲಿಗೆ ಹೋಗುವ ಬದಲು ಬಚ್ಚಲಿಗೆ ಹೋದಳು. ಬಾಗಿಲು ಹಾಕಿಕೊಂಡಳು. ಚಿಲಕ ಬಿದ್ದ ಸದ್ದು ಕೇಳಿತು. ನಾನು ಎದ್ದು ಹೋಗಿ ಬಾಗಿಲ ಹೊರಗೆ ನಿಂತೆ. ಕರೆದರೆ ಒಡೆಯಲು ಸಿದ್ಧನಾಗಿದ್ದೆ. ನಳ ಬಿಟ್ಟಳು. ಬಕೀಟು ತುಂಬಿತು. ನೀರು ಹಾಕಿಕೊಳ್ಳತೊಡಗಿದಳು. ಒಂದಾದ ಮೇಲೊಂದು ತಂಬಿಗೆ, ನಿಧಾನವಾಗಿ, ಅವಸರವಿಲ್ಲದೆ. ಪೂರ್ಣಿಮಾ ಹೊಟ್ಟೆ ಹೊತ್ತುಕೊಂಡು ಬಂದು ನನ್ನ ಪಕ್ಕದಲ್ಲಿ ನಿಂತಳು. ಹೊರಗೆ ಬಂದ ಕಸ್ತೂರಿ ನಮ್ಮನ್ನು ನೋಡಿ, ಬಚ್ಚಲ ಬಾಗಿಲಿಗೆ ಯಾಕೆ ಕಾವಲು ನಿಂತಿದ್ದೀರಿ, ನಾಷ್ಟಾ ಆಗಬೇಕೋ ಬೇಡವೋ ಎಂದು ಗದರಿಸಿದಳು.

ಹೆಣ್ಣುಮಗು ಹುಟ್ಟಿತು. ಬಾಣಂತಿಗೂ ಕೂಸಿಗೂ ಕಸ್ತೂರಿಯೇ ಎರೆದಳು. ಹಬೆ ತುಂಬಿದ ಬಚ್ಚಲಿನಿಂದ ಕೂಸಿನ ಅಳು, ಅಜ್ಜಿಯ ಹಾಡು ಕೇಳುತ್ತಿದ್ದರೆ ಅಂಗಳದಲ್ಲಿ ಕೂತ ನನಗೆ ಬೇರೆ ಏನೂ ಬೇಕೆನಿಸುತ್ತಿರಲಿಲ್ಲ.

ಆದರೆ ನನ್ನ ತಲೆ ಸುಮ್ಮನಿರಬೇಕಲ್ಲ. ಸುರೇಖಾ ಮೇಡಂಗೆ ಫೋನ್ ಮಾಡಿ, ಎಲ್ಲವನ್ನೂ ಹೇಳಿ, ಮತ್ತೊಮ್ಮೆ ಹೋದೆ. ಅವರು ನಗಲಿಲ್ಲ, ಬೆರಗಾದಂತೆಯೂ ತೋರಿಸಿಕೊಳ್ಳಲಿಲ್ಲ. ಇಬ್ಬರೂ ಹೊಲದವರನ್ನು ಕಂಡೆವು. ಅವರ ಮನೆಯಲ್ಲಿ ಮುದುಕಿಯರಿಲ್ಲ. ಅವರ ತಾಯಿ ತೀರಿಕೊಂಡು ಬಹಳ ವರ್ಷಗಳಾಗಿವೆ, ಆಕೆ ಆ ಕಟ್ಟಡದೊಳಗೆ ಕಾಲಿಟ್ಟವರೂ ಅಲ್ಲ. ಅಲ್ಲಿ ಯಾರಾದರೂ ಕಾಣಿಸಿಕೊಳ್ಳುತ್ತಾರೆಂಬ ಕಥೆ ಇದೆಯೇ ಎಂದು ಕೇಳಿದೆ. ಇಲ್ಲ. ಒಂದು ಸುದ್ದಿಯೂ ಇಲ್ಲ. ಬೋರ್‌ವೆಲ್ ಹೊಲದ ಆ ತುದಿಗಿದೆ. ಚಳಿಗಾಲದಲ್ಲಿ ಬೋರಿನ ನೀರು ಉಗುರುಬೆಚ್ಚಗಿರುತ್ತದೆ, ಅದು ನನಗೆ ಗೊತ್ತು. ಆದರೆ ಕಸ್ತೂರಿ ಅಲ್ಲಿಗೆ ಹೋಗಿ ಬರಬೇಕಾದರೆ ನೀಲವ್ವನ ಮುಂದೆಯೇ ದಾಟಬೇಕು. ಅಲ್ಲದೆ ಆ ದಿನ ಹಗಲು ಅಲ್ಲಿ ಕರೆಂಟೂ ಇರಲಿಲ್ಲ ಎಂದು ಹೊಲದವರು ಹೇಳಿದರು. ಬೆಳಗಾವಿಯ ಡಾಕ್ಟರಿಗೂ ಹೇಳಿದೆ. ಮನಸ್ಸು ತನ್ನನ್ನು ತಾನೇ ವಾಸಿ ಮಾಡಿಕೊಳ್ಳುವುದುಂಟು ಎಂದರು. ಇರಬಹುದು. ಆದರೆ ಮನಸ್ಸು ಕೂದಲನ್ನು ತೋಯಿಸುತ್ತದೆಯೇ ಎಂದು ಕೇಳಿದೆ. ಅವರು ಪೆನ್ನು ಕೆಳಗಿಟ್ಟು, ನನ್ನ ಮೊಬೈಲಿನಲ್ಲಿದ್ದ ಫೋಟೊಗಳನ್ನು ತೋರಿಸಲು ಹೇಳಿದರು.

ಸುರೇಖಾ ಮೇಡಂ ಇದನ್ನು ಬೇರೆ ಪ್ರವಾಸಿಗರಿಗೆ ಹೇಳುವುದಿಲ್ಲ ಎಂದು ಮಾತು ಕೊಟ್ಟರು. "ಹೇಳಿದ್ರ ನಾಳಿಗೆ ಅಲ್ಲಿ ಕಾಯಿ ಒಡಿಯಾಕ ನಿಂದರ್ತಾರ್ರಿ ಸರ್," ಎಂದರು. ಅದು ಖರೆ. ನನಗೂ ಅದು ಬೇಡ.

ಕಳೆದ ಚಳಿಗಾಲದಲ್ಲಿ, ಯಾರಿಗೂ ಹೇಳದೆ, ಒಬ್ಬನೇ ಬಸ್ಸು ಹಿಡಿದು ಹೋದೆ. ಹೊಲದವರ ಅನುಮತಿ ಕೇಳಿ ಒಳಗೆ ಹೋಗಿ, ಚಪ್ಪಲಿ ಬಿಟ್ಟು, ಅದೇ ಮೆಟ್ಟಿಲ ಮೇಲೆ ಕೂತೆ. ಕಲ್ಲು ತಣ್ಣಗಿತ್ತು. ಕಣ್ಣು ಮುಚ್ಚಿ ಕೂತೆ. ನಗಬೇಡಿ, ನನಗೆ ನಿಜಕ್ಕೂ ಆಸೆಯಿತ್ತು. ಒಂದು ತಂಬಿಗೆ ನೀರು ನನ್ನ ತಲೆಯ ಮೇಲೂ ಬೀಳಲಿ, ಈ ವಯಸ್ಸಿನಲ್ಲಿ ನನ್ನ ಲೆಕ್ಕವೆಲ್ಲ ಒಮ್ಮೆ ತಪ್ಪಾಗಲಿ ಎಂದು ಕಾಯುತ್ತಿದ್ದೆ. ಕಿಂಡಿಯ ಬಿಸಿಲು ಒಂದು ಗೋಡೆಯಿಂದ ಇನ್ನೊಂದಕ್ಕೆ ಸರಿಯಿತು. ಪಾರಿವಾಳಗಳು ಬಂದು ಹೋದವು. ಏನೂ ಆಗಲಿಲ್ಲ. ಎದ್ದು ಧೂಳು ಕೊಡವಿಕೊಂಡು ಊರಿಗೆ ಬಂದೆ.

ಮನೆಯಲ್ಲಿ ಕಸ್ತೂರಿಗೆ ಹೇಳಿದೆ. ಅವಳು ಮೊಮ್ಮಗಳಿಗೆ ಅನ್ನ ಉಣಿಸುತ್ತಿದ್ದಳು. ಹೋಗಿ ಕೂತಿದ್ದೆ, ಯಾರೂ ಬರಲಿಲ್ಲ, ಏನೂ ಕೇಳಿಸಲಿಲ್ಲ ಎಂದೆ. ನನ್ನ ದನಿಯಲ್ಲಿ ಸಣ್ಣ ದೂರು ಇದ್ದಿರಬೇಕು. ಅವಳು ನನ್ನನ್ನು ನೋಡಿ ನಕ್ಕಳು, ಕೂಸಿನ ಬಾಯಿ ಒರೆಸಿದಳು.

"ನೀವೇನು ಅಂಜಿಕೊಂಡ ಹೋಗಿದ್ರೇನ್ರಿ?" ಎಂದಳು. "ಇಲ್ಲಲ್ಲ. ಮತ್ತ ಆಕಿ ಯಾಕ ಬರ್ಬೇಕ್ರಿ?"